ನ್ಯೂಟ್ರಿಯಾ: ಜೌಗು ನೆಲದ ಬೇರಿಗೇ ಬಾಯಿ ಹಾಕುವ ಪ್ರಾಣಿ

ನ್ಯೂಟ್ರಿಯಾ ದಕ್ಷಿಣ ಅಮೆರಿಕದ ಹೊಳೆ, ಕೆರೆ, ಜೌಗುಗಳ ದಂಶಕ. ಇಲಿ, ಅಳಿಲುಗಳ ಗಣಕ್ಕೆ ಸೇರಿದ್ದು. ಕೊಯ್ಪು ಎಂಬುದು ಇದರ ಇನ್ನೊಂದು ಹೆಸರು. ಅರ್ಜೆಂಟೀನಾ, ಚಿಲಿ, ಉರುಗ್ವೆ, ಪರಾಗ್ವೆ ಮತ್ತು ಬ್ರೆಜಿಲ್‌ನ ದಕ್ಷಿಣ ಭಾಗ ಇದರ ತವರು. ಇಂದು ಉತ್ತರ ಅಮೆರಿಕ, ಯೂರೋಪ್, ಜಪಾನ್, ದಕ್ಷಿಣ ಕೊರಿಯಾಗಳಲ್ಲೂ ಇದು ಬೇರುಬಿಟ್ಟಿದೆ. ಅಂತರರಾಷ್ಟ್ರೀಯ ನಿಸರ್ಗ ಸಂರಕ್ಷಣಾ ಒಕ್ಕೂಟದ ತಜ್ಞರು ಸಿದ್ಧಪಡಿಸಿದ ಜಗತ್ತಿನ 100 ಅತಿ ಕೆಟ್ಟ ಆಕ್ರಮಣಕಾರಿ ಪ್ರಭೇದಗಳ ಪಟ್ಟಿಯಲ್ಲಿ ಇದರ ಹೆಸರಿದೆ. ಯೂರೋಪ್ ಒಕ್ಕೂಟ 2016ರಲ್ಲಿ ಪ್ರಕಟಿಸಿದ ನಿಷೇಧಿತ ಅನ್ಯ ಪ್ರಭೇದಗಳ ಮೊದಲ ಪಟ್ಟಿಯಲ್ಲೂ ಇದೆ.

ಇದರ ಕಥೆಯನ್ನು ವಿವರವಾಗಿ ಹೇಳಲು ಒಂದು ಕಾರಣವಿದೆ. ಒಂದೇ ಪ್ರಾಣಿಯನ್ನು ಮೂರು ಕಡೆ ಮೂರು ರೀತಿಯಲ್ಲಿ ಎದುರಿಸಲಾಯಿತು. ಇಂಗ್ಲೆಂಡ್ ಅದನ್ನು ಪೂರ್ತಿ ತೊಲಗಿಸಿತು. ಅಮೆರಿಕದ ಚೆಸಪೀಕ್ ಕೊಲ್ಲಿಯೂ ತೊಲಗಿಸಿತು. ಲೂಸಿಯಾನಾ ರಾಜ್ಯ ಮಾತ್ರ ಇಪ್ಪತ್ತು ವರ್ಷ ದಾಟಿದರೂ ಪ್ರತಿ ಚಳಿಗಾಲ ಹಣ ಕೊಟ್ಟು ಅದನ್ನು ಕೊಲ್ಲಿಸುತ್ತಲೇ ಇದೆ. ಈ ವ್ಯತ್ಯಾಸ ಎಲ್ಲಿಂದ ಬಂತು ಎನ್ನುವುದು ಅನ್ಯ ಪ್ರಭೇದಗಳ ಕಾಟ ಇರುವ ಯಾವ ನಾಡಿಗೂ ತಿಳಿದಿರಬೇಕಾದ ವಿಷಯ.

ಪ್ರಾಣಿಯ ಪರಿಚಯ

ದೊಡ್ಡ ನ್ಯೂಟ್ರಿಯಾ ಐದರಿಂದ ಒಂಬತ್ತು ಕಿಲೋ ತೂಗುತ್ತದೆ. ಗುಂಡನೆಯ ಬೆನ್ನು, ಕಂದು ತುಪ್ಪಳ, ಮುಖದ ಎರಡೂ ಬದಿಗೆ ಉದ್ದನೆಯ ಬಿಳಿ ಮೀಸೆ, ಹಿಂದೆ ಇಲಿಯದರಂಥ ದುಂಡು ಬಾಲ. ಬಾಯಿ ತೆರೆದರೆ ಕಾಣುವ ಬಾಚಿಹಲ್ಲುಗಳು ಗಾಢ ಕಿತ್ತಳೆ ಬಣ್ಣದವು. ಹಲ್ಲಿನ ಹೊರಪದರದಲ್ಲಿರುವ ಕಬ್ಬಿಣದ ಅಂಶ ಆ ಬಣ್ಣವನ್ನೂ ಗಟ್ಟಿತನವನ್ನೂ ಕೊಡುತ್ತದೆ. ಹಿಂಗಾಲಿನ ಐದು ಬೆರಳುಗಳಲ್ಲಿ ನಾಲ್ಕರ ನಡುವೆ ಮಾತ್ರ ಬಾತುಕೋಳಿಗಿರುವಂಥ ತೊಗಲು ಇರುತ್ತದೆ. ತುಟಿಗಳು ಬಾಚಿಹಲ್ಲಿನ ಹಿಂದೆ ಮುಚ್ಚಿಕೊಳ್ಳುವುದರಿಂದ ನೀರಿನೊಳಗೇ ಬೇರು ಕಡಿಯಬಲ್ಲದು, ಬಾಯಿಗೆ ನೀರು ನುಗ್ಗುವುದಿಲ್ಲ. ಐದು ನಿಮಿಷಕ್ಕೂ ಹೆಚ್ಚು ಹೊತ್ತು ಮುಳುಗಿರಬಲ್ಲದು.

ನಮ್ಮ ತುಂಗಭದ್ರೆ, ಕಾವೇರಿಗಳ ನೀರುನಾಯಿಯ ಜೊತೆ ಇದನ್ನು ಬೆರೆಸಿಕೊಳ್ಳಬಾರದು. ನೀರುನಾಯಿ ಮೀನು ಹಿಡಿದು ತಿನ್ನುವ ಬೇಟೆಗಾರ. ನ್ಯೂಟ್ರಿಯಾ ಹೆಚ್ಚುಕಡಿಮೆ ಪೂರ್ತಿ ಸಸ್ಯಾಹಾರಿ.

ಸಂತಾನ ವೃದ್ಧಿಯ ವೇಗವೇ ಇದರ ದೊಡ್ಡ ಬಲ. ನಾಲ್ಕರಿಂದ ಆರು ತಿಂಗಳಿಗೆ ಪ್ರಾಯಕ್ಕೆ ಬರುತ್ತದೆ. ಗರ್ಭದ ಅವಧಿ ಸುಮಾರು 130 ದಿನ. ಒಂದು ಸೂಲಿಗೆ ಸಾಮಾನ್ಯವಾಗಿ ನಾಲ್ಕೈದು ಮರಿ, ಕೆಲವೊಮ್ಮೆ ಹದಿಮೂರರವರೆಗೂ. ಮರಿಗಳು ಮೈತುಂಬ ಕೂದಲಿನೊಂದಿಗೆ, ಕಣ್ಣು ಬಿಟ್ಟುಕೊಂಡೇ ಹುಟ್ಟುತ್ತವೆ, ಸ್ವಲ್ಪ ಹೊತ್ತಿನಲ್ಲೇ ಈಜುತ್ತವೆ. ತಾಯಿಯ ಮೊಲೆತೊಟ್ಟುಗಳು ಹೊಟ್ಟೆಯ ಅಡಿಯಲ್ಲಿರದೆ ಪಕ್ಕೆಯ ಮೇಲ್ಭಾಗದಲ್ಲಿರುವುದರಿಂದ ಅದು ನೀರಿನಲ್ಲಿ ತೇಲುತ್ತಿರುವಾಗಲೂ ಮರಿಗಳು ಹಾಲು ಕುಡಿಯುತ್ತವೆ. ಹೆತ್ತ ಎರಡೇ ದಿನಕ್ಕೆ ಮತ್ತೆ ಗರ್ಭ ಕಟ್ಟಬಲ್ಲದು.

ಇಂಗ್ಲೆಂಡಿನಲ್ಲಿ ಈ ಪ್ರಾಣಿಯನ್ನು ವರ್ಷಗಟ್ಟಲೆ ಅಧ್ಯಯನ ಮಾಡಿದ ಮಾರಿಸ್ ಗೋಸ್ಲಿಂಗ್ 1986ರಲ್ಲಿ ಒಂದು ವಿಸ್ಮಯದ ಸಂಗತಿ ಪ್ರಕಟಿಸಿದರು. ಮೈತುಂಬಿಕೊಂಡ ಹೆಣ್ಣಿನ ಗರ್ಭದಲ್ಲಿ ಕೆಲವೇ ಮರಿಗಳಿದ್ದು, ಅವೂ ಬಹುಪಾಲು ಹೆಣ್ಣೇ ಆಗಿದ್ದರೆ, ಅದು ಆ ಗರ್ಭವನ್ನು ನಡುವಿನಲ್ಲೇ ಕಳೆದುಕೊಂಡು ಮತ್ತೆ ಹೊಸದಾಗಿ ಗಬ್ಬವಾಗುತ್ತದೆ. ಇಂಥ ಪ್ರಾಣಿಯನ್ನು ಅರೆಬರೆ ಬೇಟೆಯಿಂದ ಕಡಿಮೆ ಮಾಡಲಾಗದು ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಚಳಿಯೊಂದು ಮಾತ್ರ ಇದಕ್ಕೆ ಕಷ್ಟ. ನೀರು ಹೆಪ್ಪುಗಟ್ಟುವ ಚಳಿಗಾಲದಲ್ಲಿ ಬಾಲದ ತುದಿ, ಕಾಲ್ಬೆರಳು ಮರಗಟ್ಟಿ ಉದುರುತ್ತವೆ, ಮೇವು ಸಿಗದೆ ಗುಂಪುಗುಂಪಾಗಿ ಸಾಯುತ್ತವೆ.

ತುಪ್ಪಳದ ವ್ಯಾಪಾರ ತಂದ ಅತಿಥಿ

ಒರಟು ಹೊರಗೂದಲಿನ ಕೆಳಗೆ ನ್ಯೂಟ್ರಿಯಾಕ್ಕೆ ಮೆತ್ತನೆಯ ದಟ್ಟ ಒಳತುಪ್ಪಳವಿದೆ. ಇದರ ಆಸೆಗೆ ತವರಿನಲ್ಲಿ ಎಷ್ಟು ಬೇಟೆಯಾಯಿತೆಂದರೆ ಕಾಡಿನಲ್ಲಿದ್ದವುಗಳ ಸಂಖ್ಯೆ ಕುಸಿದು, 1920ರ ದಶಕದಲ್ಲಿ ಸಾಕಣೆ ಕೇಂದ್ರಗಳು ತಲೆಯೆತ್ತಿದವು. ಅಲ್ಲಿಂದ ಸಾಕಣೆಯ ಉಮೇದು ಊರೂರಿಗೆ ಹಬ್ಬಿತು. ಇಂಗ್ಲೆಂಡಿಗೆ 1929ರಲ್ಲಿ ಬಂತು. ಜಪಾನ್ 1939ರ ಸುಮಾರಿಗೆ ಸೈನಿಕರ ಚಳಿ ಉಡುಪಿಗೆಂದು ತರಿಸಿಕೊಂಡಿತು. ದಕ್ಷಿಣ ಕೊರಿಯಾ ಬಹಳ ತಡವಾಗಿ, 1985ರಲ್ಲಿ, ಈ ಸಾಲಿಗೆ ಸೇರಿತು. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ 1899ರಲ್ಲೇ ಒಂದು ಪ್ರಯತ್ನ ನಡೆದಿತ್ತು, ಅದು ಕೈಗೂಡಲಿಲ್ಲ. 1930ರ ದಶಕದಲ್ಲಿ ಲೂಸಿಯಾನಾದಲ್ಲಿ ಕೈಗೂಡಿತು.

ಲೂಸಿಯಾನಾದ ಜನ ಇದಕ್ಕೆ ಒಂದು ಕಥೆ ಕಟ್ಟಿದ್ದರು. ಟಬಾಸ್ಕೊ ಮೆಣಸಿನ ಸಾಸ್ ಮಾಡುವ ಮ್ಯಾಕಿಲೆನಿ ಮನೆತನದ ಎಡ್ವರ್ಡ್ ಆವರಿ ಮ್ಯಾಕಿಲೆನಿ ಮೊದಲು ನ್ಯೂಟ್ರಿಯಾ ತರಿಸಿದರು, 1940ರ ಚಂಡಮಾರುತಕ್ಕೆ ಬೇಲಿ ಮುರಿದು ಅವು ಓಡಿಹೋದವು ಎಂದು. ಅದೇ ಕಂಪನಿಯ ಇತಿಹಾಸಕಾರ ಶೇನ್ ಬರ್ನಾರ್ಡ್ ಹಳೆಯ ಕಾಗದಪತ್ರ ತೆಗೆದು ನೋಡಿದಾಗ ಬೇರೆಯೇ ಸಂಗತಿ ಹೊರಬಿತ್ತು. ಮ್ಯಾಕಿಲೆನಿ 1938ರಲ್ಲಿ ನ್ಯೂಟ್ರಿಯಾ ಕೊಂಡದ್ದು ಅದೇ ರಾಜ್ಯದ ವ್ಯಾಪಾರಿಯಿಂದ. ಅಂದರೆ ಅವರಿಗಿಂತ ಮೊದಲೇ ಅಲ್ಲಿ ಸಾಕುವವರಿದ್ದರು. ಆಮೇಲೆ ಮ್ಯಾಕಿಲೆನಿ ತಾವಾಗಿಯೇ ಪ್ರಾಣಿಗಳನ್ನು ಜೌಗಿಗೆ ಬಿಟ್ಟರು. ಗಾಳಿಮಳೆಯ ಮೇಲೆ ಹೊರಿಸಿದ್ದ ತಪ್ಪು ನಿಜದಲ್ಲಿ ಮನುಷ್ಯರದು. ಕಾಲುವೆಗಳ ಕಳೆ ತಿಂದು ಹಾಕುತ್ತದೆಂಬ ನಂಬಿಕೆಯಿಂದ ಬೇರೆ ಬೇರೆ ಕಡೆಗೆ ಒಯ್ದು ಬಿಟ್ಟವರೂ ಇದ್ದರು.

ಸರ್ಕಾರದ ನಿಲುವು ತುಪ್ಪಳದ ಬೆಲೆಯೊಂದಿಗೆ ಏರಿಳಿಯಿತು. ಭತ್ತ ಮತ್ತು ಕಬ್ಬಿನ ಬೆಳೆಗಾರರ ದೂರಿನ ಮೇಲೆ 1958ರಲ್ಲಿ ನ್ಯೂಟ್ರಿಯಾವನ್ನು ರಕ್ಷಿತ ಪಟ್ಟಿಯಿಂದ ತೆಗೆದರು. ತುಪ್ಪಳಕ್ಕೆ ಗಿರಾಕಿ ಬಂದ ಮೇಲೆ 1965ರಲ್ಲಿ ಮತ್ತೆ ಸೇರಿಸಿದರು. 1976ರಲ್ಲಿ ಆ ಒಂದೇ ರಾಜ್ಯದಲ್ಲಿ ಸುಮಾರು 18 ಲಕ್ಷ ಚರ್ಮ ಮಾರಾಟವಾಯಿತು. ಬೇಟೆ ಬಿರುಸಾಗಿದ್ದಷ್ಟು ಕಾಲ ಜೌಗಿನ ಹಾನಿ ಯಾರ ಕಣ್ಣಿಗೂ ಬೀಳಲಿಲ್ಲ. 1980ರ ದಶಕದ ಕೊನೆಗೆ ತುಪ್ಪಳದ ಮಾರುಕಟ್ಟೆ ಬಿದ್ದುಹೋಯಿತು, ಬೇಟೆಗಾರರು ಬೋನು ಎತ್ತಿಟ್ಟರು. ಅದರ ಬೆನ್ನಿಗೇ ಕರಾವಳಿಯ ಮೇಲೆ ಹಾರಾಡಿ ನೋಡಿದವರಿಗೆ ಹಸಿರಿನ ನಡುವೆ ಬರಿ ಕೆಸರಿನ ಮಚ್ಚೆಗಳು ಕಾಣತೊಡಗಿದವು. ಲಾಭ ಪಡೆದವರು ಹೊರಟುಹೋದ ಮೇಲೆ ನಷ್ಟ ಉಳಿದದ್ದು ನೆಲಕ್ಕೆ.

ಜೌಗು ನೆಲ ಸಾಯುವ ಬಗೆ

ನ್ಯೂಟ್ರಿಯಾ ದಿನಕ್ಕೆ ತನ್ನ ತೂಕದ ಕಾಲು ಭಾಗದಷ್ಟು ತಿನ್ನುತ್ತದೆ. ತಿನ್ನುವುದಕ್ಕಿಂತ ಹಾಳು ಮಾಡುವುದೇ ಹೆಚ್ಚು. ಜೊಂಡಿನ ಬುಡದ ಮೆತ್ತನೆಯ ಭಾಗವನ್ನಷ್ಟೇ ಕಡಿದುಕೊಂಡು ಉಳಿದ ದಂಟನ್ನು ನೀರಿಗೆ ಬಿಡುತ್ತದೆ. ಚಳಿಗಾಲದಲ್ಲಿ ಮೇಲಿನ ಹಸಿರು ಒಣಗಿದಾಗ ಮುಂಗಾಲಿನಿಂದ ಕೆಸರು ಕೆದಕಿ ಬೇರು, ಗೆಡ್ಡೆ ಕಿತ್ತು ತಿನ್ನುತ್ತದೆ. ಜೌಗಿಗೆ ಪ್ರಾಣಸಂಕಟ ಬರುವುದು ಇಲ್ಲಿಯೇ. ದನವೋ ಜಿಂಕೆಯೋ ಮೇಲಿನ ಎಲೆ ಮೇಯ್ದರೆ ಹುಲ್ಲು ಮತ್ತೆ ಚಿಗುರುತ್ತದೆ, ಬೇರೇ ಹೋದರೆ ಚಿಗುರಲು ಏನೂ ಇರುವುದಿಲ್ಲ.

ಕರಾವಳಿಯ ಜೌಗು ನೆಲ ಗಟ್ಟಿ ಭೂಮಿಯಲ್ಲ ಎಂಬುದನ್ನು ಇಲ್ಲಿ ನೆನೆಯಬೇಕು. ಅದು ಸಡಿಲ ಹೂಳು ಮತ್ತು ಕೊಳೆತ ಸಸ್ಯಗಳ ರಾಶಿ, ಹೆಣೆದುಕೊಂಡ ಬೇರುಗಳ ಚಾಪೆ ಅದನ್ನು ಹಿಡಿದಿಟ್ಟಿದೆ. ಲೂಸಿಯಾನಾದಲ್ಲಿರುವ ಮಿಸಿಸಿಪ್ಪಿ ನದಿಯ ಮುಖಜ ಭೂಮಿ ತನ್ನ ಭಾರಕ್ಕೆ ತಾನೇ ಕುಸಿಯುತ್ತಿರುತ್ತದೆ. ಹಿಂದೆ ನದಿ ಪ್ರತಿ ವರ್ಷ ಹೊಸ ಹೂಳು ತಂದು ಹರಡಿ ಆ ಕುಸಿತವನ್ನು ತುಂಬುತ್ತಿತ್ತು. ಪ್ರವಾಹ ತಡೆಯಲು ಎರಡೂ ದಡಕ್ಕೆ ಏರಿ ಕಟ್ಟಿದ ಮೇಲೆ ಹೂಳು ನೇರ ಸಮುದ್ರಕ್ಕೆ ಹೋಗುತ್ತಿದೆ. ಈಗ ನೆಲದ ಮಟ್ಟ ಉಳಿಯುವುದು ಬಹುಮಟ್ಟಿಗೆ ಸಸ್ಯಗಳಿಂದ: ವರ್ಷವರ್ಷವೂ ಬೇರು ಬೆಳೆದು, ಎಲೆ ಕೊಳೆತು, ಪದರದ ಮೇಲೆ ಪದರ ಸೇರುತ್ತದೆ, ಉಬ್ಬರದ ನೀರು ತಂದ ಮಣ್ಣಿನ ಕಣಗಳನ್ನು ದಂಟುಗಳು ತಡೆದು ನಿಲ್ಲಿಸುತ್ತವೆ.

ನ್ಯೂಟ್ರಿಯಾ ಗುಂಪು ಒಂದು ಜಾಗದ ಸಸ್ಯವನ್ನೆಲ್ಲ ಬೇರುಸಹಿತ ಬೋಳಿಸಿದ ಮೇಲೆ ಚಾಪೆ ಹರಿಯುತ್ತದೆ. ಉಬ್ಬರ ಇಳಿತದ ನೀರು ಬಯಲಾದ ಕೆಸರನ್ನು ದಿನಕ್ಕಿಷ್ಟು ಎಂದು ಕೊಂಡೊಯ್ಯುತ್ತದೆ. ನೆಲ ಕೆಲವೇ ಅಂಗುಲ ತಗ್ಗಿದರೂ ಸಾಕು, ನೀರು ಸದಾ ನಿಲ್ಲುತ್ತದೆ, ಬೀಜ ಬಿದ್ದರೂ ಸಸಿ ನಾಟುವುದಿಲ್ಲ. ನಾಟಿದ ಸಸಿಯನ್ನು ಮತ್ತೆ ನ್ಯೂಟ್ರಿಯಾ ತಿನ್ನುತ್ತದೆ. ಒಂದು ಚಂಡಮಾರುತ ಬಂದರೆ ಆ ತಗ್ಗು ಪಕ್ಕದ ತಗ್ಗಿನೊಂದಿಗೆ ಕೂಡಿ ತೆರೆದ ನೀರಾಗುತ್ತದೆ. ಅಲ್ಲಿಗೆ ಜೌಗು ಮುಗಿಯಿತು. ಆಮೇಲೆ ನ್ಯೂಟ್ರಿಯಾವನ್ನು ಓಡಿಸಿದರೂ ಅದು ತಾನಾಗಿ ಮರಳಿ ಬರದು. ಆ ಹಂತಕ್ಕೆ ಮೊದಲೇ ತಡೆದರೆ ಮಾತ್ರ ಉಪಯೋಗವಿದೆ. ಚೆಸಪೀಕ್ ಕೊಲ್ಲಿಯ ದಡದ ಮೇರಿಲ್ಯಾಂಡ್ ರಾಜ್ಯದಲ್ಲಿ ಜೌಗಿನ ತುಂಡುಗಳಿಗೆ ಬೇಲಿ ಹಾಕಿ ನ್ಯೂಟ್ರಿಯಾವನ್ನು ಹೊರಗಿಟ್ಟು ನೋಡಿದರು. ಬೇಲಿಯೊಳಗೆ ಹಸಿರು ಮರಳಿತು.

ಎಲ್ಲ ನಷ್ಟವನ್ನೂ ಈ ಒಂದು ಪ್ರಾಣಿಯ ತಲೆಗೆ ಕಟ್ಟುವುದು ತಪ್ಪು. 1932ರಿಂದೀಚೆಗೆ ಲೂಸಿಯಾನಾ ಸುಮಾರು 4,800 ಚದರ ಕಿಲೋಮೀಟರ್ ಕರಾವಳಿ ನೆಲವನ್ನು ಕಳೆದುಕೊಂಡಿದೆ. ಅದರಲ್ಲಿ ನದಿಯ ಏರಿಗಳು, ತೈಲ ಕಂಪನಿಗಳು ತೋಡಿದ ಕಾಲುವೆಗಳು, ನೆಲದ ಕುಸಿತ, ಏರುವ ಸಮುದ್ರ ಇವೆಲ್ಲದರ ಪಾಲಿದೆ. ಆದರೆ ಮೊದಲೇ ಬಡವಾಗಿರುವ ಜೌಗಿನಲ್ಲಿ ಬೇರು ತಿನ್ನುವ ಪ್ರಾಣಿ ಸೇರಿಕೊಂಡರೆ ಉಳಿಯುವ ಕೊನೆಯ ದಾರಿಯೂ ಮುಚ್ಚುತ್ತದೆ. ಹೊಸದಾಗಿ ನೆಟ್ಟ ‘ಬಾಲ್ಡ್ ಸೈಪ್ರಸ್’ ಎಂಬ ಜೌಗಿನ ಮರದ ಸಸಿಗಳನ್ನು ಅದು ರಾತ್ರೋರಾತ್ರಿ ಕಿತ್ತು ತಿನ್ನುವುದರಿಂದ ಅಲ್ಲಿ ಕಾಡು ಮರಳಿ ಬೆಳೆಸುವವರು ಒಂದೊಂದು ಸಸಿಗೂ ರಕ್ಷೆ ಸುತ್ತಬೇಕಾಗಿದೆ.

ಜೌಗಿನೊಂದಿಗೆ ಅದನ್ನೇ ನಂಬಿದ ಜೀವಗಳೂ ಹೋಗುತ್ತವೆ: ಏಡಿ, ಸೀಗಡಿ, ಮೀನಿನ ಮರಿಗಳು, ಜೊಂಡಿನಲ್ಲಿ ಗೂಡು ಕಟ್ಟುವ ಹಕ್ಕಿಗಳು. ಇಟಲಿಯ ಸಂಶೋಧಕರು ಇನ್ನೊಂದು ಹಾನಿಯನ್ನೂ ಗುರುತಿಸಿದ್ದಾರೆ. ಮೀಸೆ ರೀವ ಎಂಬ ಹಕ್ಕಿ ತೇಲುವ ಎಲೆಗಳ ಮೇಲೆ ಗೂಡು ಮಾಡುತ್ತದೆ. ನ್ಯೂಟ್ರಿಯಾ ಮೈಚಾಚಲು ಅದೇ ಗೂಡಿನ ಮೇಲೆ ಹತ್ತುತ್ತದೆ, ಭಾರಕ್ಕೆ ಗೂಡು ಮೊಟ್ಟೆಸಮೇತ ಮುಳುಗುತ್ತದೆ. ಈ ಹಕ್ಕಿ ಚಳಿಗಾಲದಲ್ಲಿ ನಮ್ಮ ಕೆರೆಗಳ ಮೇಲೂ ಹಾರಾಡುವುದನ್ನು ಕಂಡವರಿಗೆ ಆ ನಷ್ಟ ಏನೆಂದು ಬಿಡಿಸಿ ಹೇಳಬೇಕಿಲ್ಲ.

ಏರಿ, ಬೆಳೆ, ಕಾಯಿಲೆ

ನ್ಯೂಟ್ರಿಯಾ ನೀರಂಚಿನ ದಂಡೆಯಲ್ಲಿ ಬಿಲ ತೋಡುತ್ತದೆ. ನಮ್ಮಲ್ಲಿ ಹೆಗ್ಗಣ ಗದ್ದೆಯ ಬದುವಿಗೆ ಮಾಡುವ ಕೆಲಸವನ್ನೇ ಇದು ದೊಡ್ಡ ಏರಿಗಳಿಗೆ ಮಾಡುತ್ತದೆ. ಇಟಲಿಯ ಪೊ ನದಿ ಬಯಲಿನಲ್ಲಿ ನೀರಾವರಿ ಕಾಲುವೆಗಳ ದಂಡೆ ಕುಸಿತವೇ ದೊಡ್ಡ ತಲೆನೋವು. 1995ರಿಂದ 2000ದವರೆಗಿನ ಆರು ವರ್ಷಗಳಲ್ಲಿ ಇಟಲಿಯಲ್ಲಿ 2.2 ಲಕ್ಷ ನ್ಯೂಟ್ರಿಯಾಗಳನ್ನು ಕೊಂದರೂ ದಂಡೆ ಮತ್ತು ಬೆಳೆಗೆ ಆದ ಹಾನಿ ಒಂದು ಕೋಟಿ ಯೂರೋ ದಾಟಿತು. ಭತ್ತ, ಕಬ್ಬು, ಸಕ್ಕರೆ ಬೀಟ್, ಜೋಳ ಯಾವುದನ್ನೂ ಇದು ಬಿಡುವುದಿಲ್ಲ.

ನಾವು ಇಲಿಜ್ವರ ಎನ್ನುವ ಲೆಪ್ಟೊಸ್ಪೈರೋಸಿಸ್ ಸೋಂಕನ್ನು ಇದು ಮೂತ್ರದ ಮೂಲಕ ನೀರಿಗೆ ಸೇರಿಸಬಲ್ಲದು. ಇದರ ಕರುಳಿನಲ್ಲಿರುವ ಒಂದು ಜಾತಿಯ ಹುಳುವಿನ ಮರಿಗಳು ಜೌಗಿನಲ್ಲಿ ಓಡಾಡುವವರ ಚರ್ಮ ಹೊಕ್ಕು ವಿಪರೀತ ತುರಿಕೆ ಹುಟ್ಟಿಸುತ್ತವೆ.

ಲೂಸಿಯಾನಾ: ಒಂದು ಬಾಲಕ್ಕೆ ಆರು ಡಾಲರ್

1999ರ ವೈಮಾನಿಕ ಸಮೀಕ್ಷೆಯ ಆಧಾರದಲ್ಲಿ ಲೂಸಿಯಾನಾ ಕರಾವಳಿಯಲ್ಲಿ ನ್ಯೂಟ್ರಿಯಾ ಕೆಡಿಸಿದ ಜೌಗು ಒಂದು ಲಕ್ಷ ಎಕರೆಗೂ ಮಿಕ್ಕಿದೆ ಎಂದು ಲೆಕ್ಕ ಹಾಕಿದರು. ತುಪ್ಪಳ ಕೊಳ್ಳುವವರಿಲ್ಲದ ಕಾರಣ ಸರ್ಕಾರವೇ ಗಿರಾಕಿಯಾಗಬೇಕಾಯಿತು. 2002ರಲ್ಲಿ ಶುರುವಾದ ಕರಾವಳಿ ನ್ಯೂಟ್ರಿಯಾ ನಿಯಂತ್ರಣ ಯೋಜನೆಯಲ್ಲಿ ಒಂದು ಬಾಲಕ್ಕೆ ನಾಲ್ಕು ಡಾಲರ್ ಇನಾಮು ಗೊತ್ತುಮಾಡಿದರು. ಅದು ಮುಂದೆ ಐದಾಗಿ, 2019ರಲ್ಲಿ ಆರಾಯಿತು. ವರ್ಷಕ್ಕೆ ನಾಲ್ಕು ಲಕ್ಷದವರೆಗೆ ಬೇಟೆ ಎಂಬುದು ಗುರಿ.

ಕೆಲಸ ನಡೆಯುವ ಕ್ರಮ ಹೀಗಿದೆ. ಬೇಟೆಗಾರ ಹೆಸರು ನೋಂದಾಯಿಸಬೇಕು, ಜಮೀನಿನ ಒಡೆಯನ ಒಪ್ಪಿಗೆ ತರಬೇಕು. ನವೆಂಬರ್ 20ರಿಂದ ಮಾರ್ಚ್ ಕೊನೆಯವರೆಗೆ ಋತು. ಬೋನಿಟ್ಟೋ ಗುಂಡು ಹೊಡೆದೋ ಕೊಂದ ಪ್ರಾಣಿಯ ಬಾಲ ಕತ್ತರಿಸಿ ಸಂಗ್ರಹ ಕೇಂದ್ರಕ್ಕೆ ತರುತ್ತಾನೆ. ಬಾಲ ಏಳು ಅಂಗುಲಕ್ಕೆ ಕಡಿಮೆ ಇರುವಂತಿಲ್ಲ, ಕೊಳೆತಿರಬಾರದು. ಎಲ್ಲಿ ಕೊಂದದ್ದು ಎಂಬುದನ್ನು ನಕ್ಷೆಯಲ್ಲಿ ಗುರುತಿಸಿಕೊಡಬೇಕು. ಈ ನಕ್ಷೆಯೇ ಯೋಜನೆಯ ಜಾಣ್ಮೆಯ ಭಾಗ: ಎಲ್ಲಿ ಹಾನಿ ಹೆಚ್ಚಿದೆಯೋ ಅಲ್ಲಿ ಬೇಟೆ ಆಗುತ್ತಿದೆಯೇ ಎಂದು ಹೊಂದಿಸಿ ನೋಡಬಹುದು.

ಮೊದಲ ವರ್ಷವೇ ಮೂರು ಲಕ್ಷಕ್ಕೂ ಹೆಚ್ಚು ಬಾಲ ಬಂದವು. ಹಾನಿಗೊಳಗಾದ ಜಾಗ ಹಿಂದಿನದರ ಸಣ್ಣ ಪಾಲಿಗೆ ಇಳಿಯಿತು. ಇದು ಸಣ್ಣ ಸಾಧನೆಯಲ್ಲ. ಆದರೆ ಇನಾಮು ಪದ್ಧತಿಗೆ ಹುಟ್ಟಿನಿಂದಲೇ ಒಂದು ಕೊರತೆಯಿದೆ. ಪ್ರಾಣಿ ವಿರಳವಾದಷ್ಟೂ ಒಂದೊಂದನ್ನು ಹುಡುಕುವ ಖರ್ಚು ಏರುತ್ತದೆ, ಇನಾಮು ಮಾತ್ರ ಅಷ್ಟೇ ಇರುತ್ತದೆ. ದೋಣಿಯ ಎಣ್ಣೆಗೂ ಹುಟ್ಟದ ಕಡೆಗೆ ಬೇಟೆಗಾರ ಹೋಗುವುದಿಲ್ಲ, ಹೋಗಬೇಕೆಂದು ನಿರೀಕ್ಷಿಸುವುದೂ ಸರಿಯಲ್ಲ. ಹಾಗೆ ಉಳಿದವು ಕೆಲವೇ ವರ್ಷಗಳಲ್ಲಿ ಜಾಗ ತುಂಬಿಕೊಳ್ಳುತ್ತವೆ. ಲೂಸಿಯಾನಾದ ಜೌಗು ವಿಶಾಲವಾದದ್ದು, ಪೂರ್ಣ ನಿರ್ಮೂಲನೆ ಅಲ್ಲಿನ ಯೋಜನೆಯ ಗುರಿಯೇ ಅಲ್ಲ. ಅಲ್ಲಿನದು ಪ್ರತಿ ವರ್ಷ ಕಟ್ಟಬೇಕಾದ ಕಂದಾಯ.

ಪ್ರಾಣಿಯನ್ನು ತಿಂದೇ ಮುಗಿಸೋಣ ಎಂಬ ಪ್ರಯತ್ನವೂ ಅಲ್ಲಿ ನಡೆದಿದೆ. 1990ರ ದಶಕದ ಕೊನೆಯಲ್ಲಿ ಸರ್ಕಾರ ಹೆಸರಾಂತ ಬಾಣಸಿಗರನ್ನು ಕರೆಸಿ ಅದರ ಮಾಂಸದ ಅಡುಗೆಗೆ ಪ್ರಚಾರ ಕೊಟ್ಟಿತು. ಕೊಬ್ಬು ಕಡಿಮೆ, ರುಚಿ ಮೊಲದ ಹಾಗೆ ಎಂದು ತಿಂದವರು ಹೇಳುತ್ತಾರೆ. ಜನ ಒಗ್ಗಿಕೊಳ್ಳಲಿಲ್ಲ. ಒಗ್ಗಿಕೊಂಡಿದ್ದರೂ ತುಪ್ಪಳದ ವ್ಯಾಪಾರ ಕಲಿಸಿದ ಪಾಠವನ್ನೇ ಮತ್ತೆ ಕಲಿಯಬೇಕಾಗುತ್ತಿತ್ತು: ಮಾರುಕಟ್ಟೆಗೆ ಸರಕು ಮುಗಿಯುವುದು ಬೇಕಿಲ್ಲ.

ಇಂಗ್ಲೆಂಡ್: ಮುಗಿಸಿದವರಿಗೆ ಬೋನಸ್

ಇಂಗ್ಲೆಂಡಿನ ಪೂರ್ವ ಭಾಗದ ನಾರ್ಫೋಕ್, ಸಫೋಕ್‌ಗಳಲ್ಲಿ ಸಾಕಣೆಯಿಂದ ತಪ್ಪಿಸಿಕೊಂಡ ಕೊಯ್ಪುಗಳು 1960ರ ಸುಮಾರಿಗೆ ಎರಡು ಲಕ್ಷ ಮುಟ್ಟಿದ್ದವೆಂದು ಅಂದಾಜು. ಮನೆಯ ಮಾಡಿಗೆ ಹೊದಿಸುವ ನಾರ್ಫೋಕ್ ಜೊಂಡಿನ ಹಾಸುಗಳು ಬಹಳಷ್ಟು ಹಾಳಾದವು. 1962-63ರ ಕಡುಚಳಿ ಬಹುಪಾಲನ್ನು ಕೊಂದಿತು, ಅದೇ ಹೊತ್ತಿಗೆ ಬೇಟೆಯ ಅಭಿಯಾನವೂ ನಡೆಯಿತು. ಆದರೆ ಕೊನೆ ಮುಟ್ಟಿಸಲಿಲ್ಲ. ಸೌಮ್ಯ ಚಳಿಗಾಲಗಳು ಬಂದೊಡನೆ ಸಂಖ್ಯೆ ಮತ್ತೆ ಏರಿತು.

1981ರ ಎರಡನೆಯ ಅಭಿಯಾನ ಗೋಸ್ಲಿಂಗ್ ಮತ್ತು ಅವರ ಸಹೋದ್ಯೋಗಿಗಳ ಸಂಶೋಧನೆಯ ಮೇಲೆ ನಿಂತಿತ್ತು. ಎಷ್ಟು ಜನ ಬೋನುಗಾರರು ಎಷ್ಟು ವರ್ಷ ದುಡಿದರೆ ಸಂಖ್ಯೆ ಸೊನ್ನೆಗೆ ಬರುತ್ತದೆ ಎಂದು ಮೊದಲೇ ಲೆಕ್ಕ ಹಾಕಿ, 24 ಮಂದಿಯನ್ನು ಸಂಬಳದ ಮೇಲೆ ನೇಮಿಸಿ, ಹತ್ತು ವರ್ಷದ ಗಡುವು ಕೊಟ್ಟರು. ಕೆಲಸ ಮುಗಿದರೆ ತಮ್ಮ ಉದ್ಯೋಗವೂ ಮುಗಿಯುತ್ತದೆಂದು ತಿಳಿದವರು ಕೆಲಸ ಮುಗಿಸುತ್ತಾರೆಯೇ ಎಂಬ ಪ್ರಶ್ನೆಯನ್ನು ಯೋಜಕರು ಮುಚ್ಚಿಡಲಿಲ್ಲ. ನಿರ್ಮೂಲನೆ ಆದರೆ ಪ್ರತಿಯೊಬ್ಬರಿಗೂ ವರ್ಷದ ಸಂಬಳದ ಮೂರು ಪಟ್ಟಿನವರೆಗೆ ಬೋನಸ್ ಎಂದು ಘೋಷಿಸಿದರು. ತಡವಾದಷ್ಟೂ ಮೊತ್ತ ಇಳಿಯುತ್ತದೆ ಎಂದೂ ಸೇರಿಸಿದರು. ಬೋನುಗಳನ್ನು ನೀರಿನ ಮೇಲೆ ತೇಲುವ ಸಣ್ಣ ತೆಪ್ಪಗಳ ಮೇಲಿಟ್ಟು ಗಜ್ಜರಿಯನ್ನು ಆಮಿಷವಾಗಿ ಇಡುವ ಉಪಾಯ ಚೆನ್ನಾಗಿ ಫಲಿಸಿತು. ಅದು ಪಂಜರದಂಥ ಬೋನಾದ್ದರಿಂದ ಬೇರೆ ಪ್ರಾಣಿ, ಹಕ್ಕಿ ಸಿಕ್ಕಿಬಿದ್ದರೆ ಜೀವಂತ ಬಿಟ್ಟುಬಿಡಬಹುದಿತ್ತು. ಒಟ್ಟು 34,822 ಕೊಯ್ಪುಗಳನ್ನು ಹಿಡಿದರು. 1989ರ ಜನವರಿಯಲ್ಲಿ ನಿರ್ಮೂಲನೆ ಘೋಷಣೆಯಾಯಿತು.

ಚೆಸಪೀಕ್: ಕೊನೆಯದನ್ನು ಹುಡುಕಿದ ನಾಯಿಗಳು

ಅಮೆರಿಕದ ಪೂರ್ವ ಕರಾವಳಿಯಲ್ಲಿ, ಚೆಸಪೀಕ್ ಕೊಲ್ಲಿಯ ಪಕ್ಕದ ಬ್ಲ್ಯಾಕ್‌ವಾಟರ್ ವನ್ಯಜೀವಿಧಾಮಕ್ಕೆ ನ್ಯೂಟ್ರಿಯಾ ಬಂದದ್ದು 1943ರಲ್ಲಿ. ಅಲ್ಲಿ 5,000 ಎಕರೆಗೂ ಹೆಚ್ಚು ಜೌಗು ತೆರೆದ ನೀರಾಯಿತು. 2002ರಲ್ಲಿ ಒಕ್ಕೂಟ ಸರ್ಕಾರ, ಮೇರಿಲ್ಯಾಂಡ್ ರಾಜ್ಯ ಮತ್ತು ಖಾಸಗಿ ಜಮೀನ್ದಾರರು ಕೂಡಿ ಕೆಲಸಕ್ಕಿಳಿದರು. ಜೌಗನ್ನು ಸಣ್ಣ ಸಣ್ಣ ತುಂಡುಗಳಾಗಿ ವಿಂಗಡಿಸಿ, ಒಂದನ್ನು ಬರಿದು ಮಾಡಿ ಮುಂದಿನದಕ್ಕೆ ಹೋಗುವುದು ಕ್ರಮ. ಜಮೀನು ಯಾರದೇ ಇರಲಿ, ನಡುವೆ ಒಂದು ತುಂಡು ಬಿಟ್ಟರೆ ಎಲ್ಲವೂ ವ್ಯರ್ಥವಾದ್ದರಿಂದ ನೂರಾರು ಮಾಲೀಕರನ್ನು ಒಪ್ಪಿಸುವುದು ಬೋನಿಡುವಷ್ಟೇ ದೊಡ್ಡ ಕೆಲಸವಾಗಿತ್ತು.

ಸಂಖ್ಯೆ ಇಳಿದ ಮೇಲೆ ನಿಜವಾದ ಕಷ್ಟ ಶುರುವಾಯಿತು. ಉಳಿದ ಕೆಲವನ್ನು ಕಾಣುವುದು ಹೇಗೆ? ಕೆಲವು ನ್ಯೂಟ್ರಿಯಾಗಳನ್ನು ಹಿಡಿದು, ಸಂತಾನಹರಣ ಮಾಡಿ, ರೇಡಿಯೊ ಪಟ್ಟಿ ಕಟ್ಟಿ ಬಿಟ್ಟರು. ಗುಂಪಿನಲ್ಲಿ ಬಾಳುವ ಪ್ರಾಣಿಯಾದ್ದರಿಂದ ಅವು ತಮ್ಮವರನ್ನು ಹುಡುಕಿಕೊಂಡು ಹೋದವು, ಸಿಬ್ಬಂದಿ ಹಿಂಬಾಲಿಸಿದರು. ತೇಲುವ ಹಲಗೆಗಳನ್ನು ಬಿಟ್ಟು, ಹತ್ತಿ ಕೂತ ಪ್ರಾಣಿಯ ಕೂದಲು ಸಿಕ್ಕಿಕೊಳ್ಳುವ ತಂತಿ ಅಳವಡಿಸಿದರು. ಹಿಕ್ಕೆಯ ವಾಸನೆ ಹಿಡಿಯಲು ನಾಯಿಗಳನ್ನು ಪಳಗಿಸಿದರು. ಒಟ್ಟು ಸುಮಾರು 14,000 ಪ್ರಾಣಿಗಳನ್ನು ತೆಗೆದರು. ಕೊನೆಯದು ಸಿಕ್ಕಿದ್ದು 2015ರ ಮೇ ತಿಂಗಳಲ್ಲಿ. ಆದರೂ ಏಳು ವರ್ಷ ನಾಯಿ, ಕ್ಯಾಮೆರಾ ಹಿಡಿದು ಹುಡುಕುತ್ತಲೇ ಇದ್ದು, 2022ರ ಸೆಪ್ಟೆಂಬರ್‌ನಲ್ಲಷ್ಟೇ ನಿರ್ಮೂಲನೆ ಆಯಿತೆಂದು ಸಾರಿದರು. ಒಂದೂ ಸಿಗದ ಆ ಏಳು ವರ್ಷಗಳಿಗೂ ಹಣ ಒದಗಿಸಿದ್ದೇ ಈ ಯೋಜನೆಯ ಹೆಚ್ಚುಗಾರಿಕೆ ಎಂದು ನನಗನ್ನಿಸುತ್ತದೆ. ಮೊದಲ ಹತ್ತು ಸಾವಿರ ಪ್ರಾಣಿ ಹಿಡಿಯುವುದಕ್ಕೆ ಅನುದಾನ ಸಿಗುತ್ತದೆ. ಕೊನೆಯ ಹತ್ತನ್ನು ಹುಡುಕುವುದಕ್ಕೆ ಕೊಡುವವರು ವಿರಳ.

ಕೊಲ್ಲುವುದರ ಬಗ್ಗೆ

ಇಷ್ಟು ಪ್ರಾಣಿಗಳನ್ನು ಕೊಲ್ಲುವುದು ಸರಿಯೇ ಎಂಬ ಪ್ರಶ್ನೆ ಏಳುತ್ತದೆ, ಏಳಬೇಕು. ನ್ಯೂಟ್ರಿಯಾ ತಾನಾಗಿ ಸಮುದ್ರ ದಾಟಿ ಬಂದದ್ದಲ್ಲ. ಸಂತಾನಹರಣದ ಔಷಧ, ಬೇಲಿ ಮುಂತಾದವುಗಳಿಂದ ಸಾವಿರಾರು ಚದರ ಕಿಲೋಮೀಟರಿನ ಜೌಗನ್ನು ಕಾಯುವ ಮಾರ್ಗ ಇನ್ನೂ ಸಿಕ್ಕಿಲ್ಲ. ಹಾಗಿರುವಾಗ, ಹಿಂಸೆ ಕಡಿಮೆಯಾಗುವುದು ಕೆಲಸವನ್ನು ಬೇಗ ಮುಗಿಸಿದಾಗ. ಇಂಗ್ಲೆಂಡಿನ ಎರಡನೆಯ ಅಭಿಯಾನ ಮೂವತ್ತೈದು ಸಾವಿರದೊಳಗೆ ಮುಗಿಯಿತು. ಲೂಸಿಯಾನಾದಲ್ಲಿ ಕೊಂದ ಲೆಕ್ಕ ಲಕ್ಷಗಳಲ್ಲಿದೆ, ಕೊನೆಯಿಲ್ಲ.

ಕ್ಯಾಲಿಫೋರ್ನಿಯಾದಲ್ಲಿ ಈಗ

1899ರ ಪ್ರಯತ್ನ ಕೈಗೂಡದಿದ್ದರೂ ಆಮೇಲೆ ಅಲ್ಲಿ ನೆಲೆಸಿದ್ದ ನ್ಯೂಟ್ರಿಯಾವನ್ನು ಕ್ಯಾಲಿಫೋರ್ನಿಯಾ 1970ರ ದಶಕದಲ್ಲಿ ತೊಲಗಿಸಿತ್ತು. 2017ರಲ್ಲಿ ಮರ್ಸೆಡ್ ಕೌಂಟಿಯಲ್ಲಿ ಒಂದು ಬಸುರಿ ಹೆಣ್ಣು ಬೋನಿಗೆ ಬಿದ್ದಾಗ ಅದು ಮರಳಿದ್ದು ಗೊತ್ತಾಯಿತು. ಹತ್ತಿರವೇ ಸ್ಯಾಕ್ರಮೆಂಟೊ ಮತ್ತು ಸ್ಯಾನ್ ವಾಕಿನ್ ನದಿಗಳ ಮುಖಜ ಭೂಮಿ. ಅಲ್ಲಿನ ಹೊಲಗಳಲ್ಲಿ ಬಹಳಷ್ಟು ಸಮುದ್ರ ಮಟ್ಟಕ್ಕಿಂತ ಕೆಳಗಿದ್ದು, ಸುಮಾರು 1,100 ಮೈಲಿ ಉದ್ದದ ಏರಿಗಳ ಆಸರೆಯಲ್ಲಿವೆ. ರಾಜ್ಯದ ಎರಡೂವರೆ ಕೋಟಿಗೂ ಹೆಚ್ಚು ಜನರ ನೀರಿಗೆ ಆ ನೀರೇ ಒಂದು ಮೂಲ. ಅಂಥ ಏರಿಗಳಲ್ಲಿ ಬಿಲ ಬೀಳುವುದೆಂದರೆ ಏನೆಂದು ತಿಳಿದ ಸರ್ಕಾರ ಇನಾಮಿನ ದಾರಿ ಹಿಡಿಯದೆ, ಚೆಸಪೀಕ್ ಮಾದರಿಯಲ್ಲಿ ನಿರ್ಮೂಲನೆಯನ್ನೇ ಗುರಿಯಾಗಿಟ್ಟುಕೊಂಡಿತು. ಇದುವರೆಗೆ 5,000ಕ್ಕೂ ಹೆಚ್ಚು ಪ್ರಾಣಿಗಳನ್ನು ತೆಗೆದಿದ್ದಾರೆ, ಕೆಲಸ ಇನ್ನೂ ನಡೆದಿದೆ. ಆ ಭಾಗದಲ್ಲಿ ನೆಲೆಸಿರುವ ಕನ್ನಡಿಗರೂ ಸೇರಿದಂತೆ ಅಲ್ಲಿನ ಎಲ್ಲರಿಗೂ ರಾಜ್ಯದ ವನ್ಯಜೀವಿ ಇಲಾಖೆಯ ಕೋರಿಕೆ ಇಷ್ಟೇ: ಬಿಳಿ ಮೀಸೆ, ದುಂಡು ಬಾಲದ ಇಂಥ ಪ್ರಾಣಿ ಕಂಡರೆ ಫೋಟೊ ತೆಗೆಯಿರಿ, ಜಾಗ ಗುರುತಿಟ್ಟುಕೊಳ್ಳಿ, ಕೂಡಲೇ ತಿಳಿಸಿ, ಕೈಗೆ ಸಿಕ್ಕಿದ್ದನ್ನು ಯಾವ ಕಾರಣಕ್ಕೂ ಮತ್ತೆ ನೀರಿಗೆ ಬಿಡಬೇಡಿ.